ಶೆಲ್ಟರ್‌ಗೆ ಹಾಕಿಬಿಡ್ತಾರೆ, ಆಮೇಲೆ?

ಮಗಳ ಮನೆಯಲ್ಲಿ ಆರು ತಿಂಗಳಿದ್ದು ಬಂದವರು ಬೆಳಗಿನ ವಾಕಿಂಗ್‌ನಲ್ಲಿ ತಪ್ಪದೆ ಹೇಳುವ ಮಾತು: ‘ಅಮೆರಿಕದಲ್ಲಿ ಒಂದು ಬೀದಿನಾಯಿ ತೋರಿಸಿ ನೋಡೋಣ! ಎಲ್ಲಾ ಶೆಲ್ಟರ್‌ಗೆ ಹಾಕಿಬಿಡ್ತಾರೆ. ನಮ್ಮವರಿಗೇನು ಧಾಡಿ?’ 2025ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟ್ ದೆಹಲಿಯ ನಾಯಿಗಳನ್ನು ಹಿಡಿದು ಶೆಲ್ಟರ್‌ಗೆ ಸೇರಿಸಿ ಎಂದ ಮೇಲಂತೂ ಈ ಮಾತಿಗೆ ಕೋಡು ಮೂಡಿತು. ಹನ್ನೊಂದೇ ದಿನಕ್ಕೆ ಕೋರ್ಟ್ ಆದೇಶ ಬದಲಿಸಿ, ರೇಬೀಸ್ ಇರುವ ಮತ್ತು ಮೇಲೆ ಬೀಳುವ ನಾಯಿಗಳ ಹೊರತು ಉಳಿದವಕ್ಕೆ ಸಂತಾನಹರಣ ಆಪರೇಷನ್ ಮಾಡಿ, ಲಸಿಕೆ ಹಾಕಿ ಹಿಡಿದಲ್ಲೇ ಬಿಡಿ ಎಂದಿತು. ಆ ಸುದ್ದಿ ಮಾತ್ರ ಪಾರ್ಕಿನ ಬೆಂಚಿನವರೆಗೆ ಬರಲೇ ಇಲ್ಲ.

ಹಾಕಿಬಿಡ್ತಾರೆ, ಸರಿ. ಆಮೇಲೆ? ಪಂಜರದ ಬಾಗಿಲಿಗೆ ಒಂದು ಚೀಟಿ, ಅದರ ಮೇಲೆ ಬಂದ ದಿನಾಂಕ. ಹಲವು ರಾಜ್ಯಗಳಲ್ಲಿ ಮಾಲೀಕರಿಗಾಗಿ ಕಾಯುವುದು ಮೂರೋ ಐದೋ ದಿನ. ಹುಡುಕಿಕೊಂಡು ಯಾರೂ ಬರಲಿಲ್ಲ, ಸಾಕುವವರೂ ಸಿಗಲಿಲ್ಲ, ಪಂಜರಗಳು ತುಂಬಿವೆ ಎಂದಾದರೆ ಪೆಂಟೊಬಾರ್ಬಿಟಾಲ್ ಇಂಜೆಕ್ಷನ್. 2011ರಲ್ಲಿ ಅಲ್ಲಿನ ಶೆಲ್ಟರ್‌ಗಳಲ್ಲಿ ಹೀಗೆ ಸತ್ತ ನಾಯಿ, ಬೆಕ್ಕುಗಳು ಸುಮಾರು 26 ಲಕ್ಷ ಎಂದು ಎಎಸ್‌ಪಿಸಿಎ ಎಂಬ ಅಲ್ಲಿನ ಪ್ರಾಣಿದಯಾ ಸಂಸ್ಥೆಯ ಅಂದಾಜು. ನಮ್ಮವರು ಅದನ್ನು ವೃದ್ಧಾಶ್ರಮ ಅಂದುಕೊಂಡಿದ್ದಾರೆ.

ಮುಂದಿನ ದಶಕದಲ್ಲಿ ಆ ಲೆಕ್ಕ ಹತ್ತು ಲಕ್ಷದ ಕೆಳಗಿಳಿಯಿತು. ಶೆಡ್ ಮೇಲೆ ಶೆಡ್ ಕಟ್ಟಿದ್ದಕ್ಕಲ್ಲ. ಕಟ್ಟಿದಷ್ಟೂ ತುಂಬುತ್ತದೆ ಎಂಬ ಬುದ್ಧಿ ಅವರಿಗೆ ಮೊದಲೇ ಬಂದಿತ್ತು. ಲಾಸ್ ಏಂಜಲೀಸ್ ನಗರಾಡಳಿತ 1971ರಲ್ಲೇ ಕಡಿಮೆ ದರದ ಸಂತಾನಹರಣ ಕ್ಲಿನಿಕ್ ತೆರೆದಿತ್ತು. ಟೆಕ್ಸಾಸ್‌ನ ಆಸ್ಟಿನ್ ನಗರಸಭೆ 2010ರಲ್ಲಿ, ಪಂಜರ ಖಾಲಿಯಿರುವಾಗ ಸಾಕಲು ಯೋಗ್ಯವಾದ ಪ್ರಾಣಿಯನ್ನು ಕೊಲ್ಲಕೂಡದು ಎಂದಿತು. ಕಣ್ಣು ಬಿಡದ ಬೆಕ್ಕಿನ ಮರಿಗಳಿಗೆ ಬಾಟಲಿ ಹಾಲು ಕುಡಿಸಲು, ಪಾರ್ವೊ ಬಂದ ನಾಯಿಮರಿಗಳ ಆರೈಕೆಗೆ ಸ್ವಯಂಸೇವಕರು ನಿಂತರು. ಮರುವರ್ಷವೇ ನೂರಕ್ಕೆ ತೊಂಬತ್ತು ಪ್ರಾಣಿಗಳು ಜೀವಂತ ಹೊರಬಂದವು.

ಉಳಿದ ಮೂಢನಂಬಿಕೆಗಳಿಗೆ ಒಂದೊಂದು ಸಾಲು ಸಾಕು. ಆಸ್ಟಿನ್‌ನಂಥ ‘ನೋ ಕಿಲ್’ ನೀತಿ ಎಂದರೆ ಒಂದೂ ಸಾಯುವುದಿಲ್ಲ ಎಂದಲ್ಲ, ವಾಸಿಯಾಗದೆ ನರಳುವವಕ್ಕೆ ಇಂಜೆಕ್ಷನ್ ಇದ್ದೇ ಇದೆ. ಆಪರೇಷನ್ನಿಗೆ ಮೊದಲು ಹೆಣ್ಣುನಾಯಿ ಒಮ್ಮೆಯಾದರೂ ಮರಿ ಹಾಕಬೇಕು ಎಂಬುದು ಶುದ್ಧ ಸುಳ್ಳು.

ಬೆಂಡೆಕಾಯಿಯನ್ನೂ ತುದಿ ಮುರಿದು ನೋಡದೆ ಕೊಳ್ಳದ ಜನ ನಾವು. ಅದೇ ಮಾತಿಗೆ ‘ಫಾರಿನ್‌ನಲ್ಲಿ’ ಎಂಬ ಒಗ್ಗರಣೆ ಬಿದ್ದರೆ ಮೂಸಿಯೂ ನೋಡದೆ ನುಂಗುತ್ತೇವೆ. 2023ರ ಬಿಬಿಎಂಪಿ ಸಮೀಕ್ಷೆಯಂತೆ ಬೆಂಗಳೂರಿನ ಬೀದಿನಾಯಿಗಳು 2.79 ಲಕ್ಷ. ಶೆಡ್ಡಿಗೆ ಐನೂರರಂತೆ ತುಂಬಿದರೂ 558 ಶೆಡ್ ಬೇಕು. ಪಾರ್ಕಿನ ಹಿರಿಯರೇ, ನಿಮ್ಮ ಬಡಾವಣೆಯಲ್ಲಿ ಒಂದು ಕಟ್ಟಲು ಬಿಡುತ್ತೀರಾ? ಕಸದ ಲಾರಿ ನಿಲ್ಲಲೇ ಬಿಡುವುದಿಲ್ಲ ನೀವು.

2019ರಲ್ಲಿ ಇದೇ ಊರಿನ ಲೆಕ್ಕ 3.10 ಲಕ್ಷ ಇತ್ತು. ಇಳಿದದ್ದು ಆಪರೇಷನ್ನಿನಿಂದ, ಅದೂ ಅರೆಬರೆ ಮಾಡಿದ್ದರಿಂದಲೇ. ಆಪರೇಷನ್ ಆದ ನಾಯಿಯ ಒಂದು ಕಿವಿಯಲ್ಲಿ ಕಚ್ಚು ಇರುತ್ತದೆ. ನಾಳೆ ವಾಕಿಂಗ್‌ನಲ್ಲಿ ನೋಡಿ. ಎರಡೂ ಕಿವಿ ಇಡಿಯಾಗಿದ್ದ ನಾಯಿ ಕಂಡರೆ ಪಾಲಿಕೆಗೆ ಫೋನ್ ಮಾಡಿ, ಆಪರೇಷನ್ ಮುಗಿಸಿ ಇಲ್ಲಿಗೇ ತಂದು ಬಿಡಿ ಎಂದು ಹೇಳಿ.