‘ಲೈನ್’ ಶಬ್ದ: ಕೋಶಾರ್ಥವೂ ರೂಢಿಯ ಅರ್ಥವೂ

ಆಂಗ್ಲ ಭಾಷೆಯ ಕೆಲವು ಶಬ್ದಗಳು ನಮ್ಮ ಹಳ್ಳಿಗಳಲ್ಲಿ ಎಷ್ಟು ಬೇರುಬಿಟ್ಟಿವೆಯೆಂದರೆ, ಅಕ್ಷರ ಬಾರದವರೂ ಅವನ್ನು ತಮ್ಮ ಮನೆಮಾತಿನವೆಂದೇ ತಿಳಿದಿದ್ದಾರೆ. ಅವುಗಳಲ್ಲಿ ‘ಲೈನ್’ ಎಂಬುದೂ ಒಂದು. ಕೋಶವು ಇದಕ್ಕೆ ಕೊಡುವ ಅರ್ಥಕ್ಕೂ ಜನರು ಕೊಡುವ ಅರ್ಥಕ್ಕೂ ಇರುವ ಅಂತರವನ್ನು ಅಧ್ಯಾಪಕರಾದವರು ಅರಿಯುವುದು ಅವಶ್ಯ. ಏಕೆಂದರೆ ಆ ಅಂತರದಲ್ಲಿ ಎಡವುವವರು ನಮ್ಮ ಮಕ್ಕಳು.

ಮೊದಲು ಶಬ್ದದ ಮೂಲವನ್ನು ನೋಡೋಣ. ಲ್ಯಾಟಿನ್ ಭಾಷೆಯಲ್ಲಿ ‘ಲೀನಮ್’ ಎಂದರೆ ಅಗಸೆ. ಅದರ ನಾರಿನಿಂದ ಹೊಸೆದ ದಾರ ‘ಲೀನಿಯ’. ‘ಲಿನನ್’ ಬಟ್ಟೆಯೂ ಇದೇ ಕುಲದ್ದು. ಬಿಗಿಯಾಗಿ ಎಳೆದು ಹಿಡಿದ ದಾರವು ನೆಟ್ಟಗಿರುವುದರಿಂದ ಅದೇ ಹೆಸರು ಗೆರೆಗೂ ಬಂದಿತು. ಗೋಡೆ ಕಟ್ಟುವ ಮೇಸ್ತ್ರಿಯು ಇಂದಿಗೂ ‘ನೂಲು ಹಿಡಿ’ ಎನ್ನುವುದನ್ನು ಕೇಳಿದವರಿಗೆ ಈ ಬೆಳವಣಿಗೆ ಹೊಸದೆನಿಸದು.

ಗೆರೆಯಿಂದ ಸಾಲು, ಸಾಲಿನಿಂದ ಪದ್ಯದ ಪಾದ, ಸೈನಿಕರ ಪಂಕ್ತಿ, ವಂಶಾವಳಿ, ರೈಲುಹಳಿ, ತಂತಿ, ಕಸುಬು, ಎಲ್ಲೆ ಹೀಗೆ ಅರ್ಥವು ಕವಲೊಡೆಯಿತು. 1884ರಲ್ಲಿ ಮೊದಲ ಭಾಗವು ಹೊರಬಂದು 1928ರಲ್ಲಿ ಪೂರ್ತಿಯಾದ ಆಕ್ಸ್‌ಫರ್ಡಿನ ಮಹಾಕೋಶವು ಇಂತಹ ಕವಲುಗಳನ್ನು ಕಾಲಕ್ರಮದಲ್ಲಿ ಇಟ್ಟು ತೋರಿಸುತ್ತದೆ. ವಿದ್ಯಾರ್ಥಿಗಳ ಕೈಕೋಶಗಳಲ್ಲಾದರೋ ಹೆಚ್ಚು ಬಳಕೆಯ ಅರ್ಥವು ಮೊದಲು ಬರುತ್ತದೆ. ಈ ವ್ಯತ್ಯಾಸವನ್ನು ಹೇಳಿಕೊಡದೆ ಮಕ್ಕಳ ಕೈಗೆ ಕೋಶವನ್ನು ಕೊಟ್ಟರೆ, ಅವರು ಮೊದಲ ಅರ್ಥವನ್ನೇ ಎಲ್ಲೆಡೆಗೂ ಅಂಟಿಸುವರು.

ಇನ್ನು ನಮ್ಮ ಕಡೆಯ ಬಳಕೆ. ಮಳೆಗಾಲದಲ್ಲಿ ಅಡಿಕೆ ಮರ ಬಿದ್ದರೆ ಅಗಲ್ಪಾಡಿಯಲ್ಲಿ ‘ಲೈನ್ ತುಂಡಾಯಿತು’ ಎನ್ನುತ್ತೇವೆ; ಇಲ್ಲಿ ಅದು ವಿದ್ಯುತ್ ತಂತಿ. ‘ಲೈನ್‌ನಲ್ಲಿದ್ದಾರೆ’ ಎಂದರೆ ಫೋನಿನಲ್ಲಿದ್ದಾರೆ. ‘ಅವರು ಈ ಲೈನಿಗೆ ಬಂದು ಬಹಳ ವರ್ಷವಾಯಿತು’ ಎಂಬಲ್ಲಿ ಕಸುಬು. ‘ಹುಡುಗ ಈಗ ಲೈನಿಗೆ ಬಂದ’ ಎಂದರೆ ದಾರಿಗೆ ಬಂದ. ಕೊಡಗಿನ ಕಾಫಿ ತೋಟಗಳಲ್ಲಿ ಕೂಲಿಯವರ ಸಾಲುಮನೆಗಳಿಗೆ ‘ಲೈನ್ ಮನೆ’ ಎಂದೇ ಹೆಸರು. ‘ಪೊಲೀಸ್ ಲೈನ್’ ಎಂಬುದೂ ಅದೇ ಜಾತಿಯದು. ಇವೆಲ್ಲಕ್ಕೂ ಕೋಶದ ಆಧಾರವುಂಟು.

ಕೋಶವು ಒಪ್ಪದ ಅರ್ಥವೊಂದು ಯುವಕರ ಮಾತಿನಲ್ಲಿ ಇದೆ. ಹುಡುಗಿಯ ಗಮನ ಸೆಳೆಯಲು ಸುಳಿದಾಡುವುದಕ್ಕೆ ಕನ್ನಡದಲ್ಲಿ ‘ಲೈನ್ ಹೊಡೆಯುವುದು’ ಎನ್ನುವರು. ಮಲೆಯಾಳದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ: ಇಬ್ಬರ ಪ್ರೇಮಸಂಬಂಧಕ್ಕೇ ‘ಲೈನ್’ ಎಂದು ಹೆಸರು. ಎರಡು ಭಾಷೆಗಳೂ ಒಂದೇ ಬೀದಿಯಲ್ಲಿ ಕಿವಿಗೆ ಬೀಳುವ ನಮ್ಮ ಕಾಸರಗೋಡಿನಲ್ಲಿ ಇದರ ಪರಿಣಾಮವನ್ನು ಊಹಿಸಬಹುದು. ‘ಪುಸ್ತಕದಲ್ಲಿ ಲೈನ್ ಹೊಡೆದೆಯಾ?’ ಎಂದು ಮಾಸ್ಟ್ರು ಕೇಳಿದರೆ ಹಿಂದಿನ ಬೆಂಚಿನಲ್ಲಿ ನಗು ಹುಟ್ಟುತ್ತದೆ. ‘ಅವನಿಗೂ ನನಗೂ ಒಂದೇ ಲೈನ್’ ಎಂದು ಬಸ್ಸಿನ ದಾರಿಯನ್ನು ಕುರಿತು ಹೇಳಿದ ಹುಡುಗಿ ಗೆಳತಿಯರ ಚೇಷ್ಟೆಗೆ ಗುರಿಯಾಗಬಹುದು. ನಿರ್ದೋಷವಾದ ಮಾತಿಗೆ ಮಗುವನ್ನು ಗದರಿಸುವ ಅಧ್ಯಾಪಕನೂ, ಕುಚೋದ್ಯದ ಮಾತನ್ನು ತಿಳಿಯದೆ ಬಿಟ್ಟುಬಿಡುವ ಅಧ್ಯಾಪಕನೂ ಸಮಾನವಾಗಿ ತಪ್ಪುತ್ತಾರೆ.

ಅರ್ಥವು ಹೀಗೆ ಜಾರುವುದು ಕೆಟ್ಟದ್ದೇ? ನಮ್ಮ ಪ್ರಾಚೀನರು ಹಾಗೆಣಿಸಲಿಲ್ಲ. ಅಭಿಧೆಯ ಜೊತೆಗೆ ಲಕ್ಷಣೆಯನ್ನೂ ಅವರು ಶಬ್ದದ ಶಕ್ತಿಯೆಂದೇ ಒಪ್ಪಿದರು. ದರ್ಭೆಯನ್ನು ಕೊಯ್ಯಬಲ್ಲವನೆಂಬ ‘ಕುಶಲ’ ಶಬ್ದವು ಚತುರನೆಂಬ ಅರ್ಥದಲ್ಲಿ ರೂಢವಾದುದು ಇದಕ್ಕೆ ಪ್ರಸಿದ್ಧ ಉದಾಹರಣೆ. ಆದರೆ ಗ್ರಾಮ್ಯವನ್ನು ಅವರು ಕಾವ್ಯದೋಷಗಳಲ್ಲಿ ಎಣಿಸಿದರೆಂಬುದನ್ನೂ ಮರೆಯಬಾರದು. ಸಂತೆಯಲ್ಲಿ ಸಲ್ಲುವುದು ಸಭೆಯಲ್ಲಿ ಸಲ್ಲದು. ಇದು ಸ್ಥಳದ ವಿವೇಕ.

ತರಗತಿಯಲ್ಲಿ ಅರ್ಥವನ್ನು ನಿರ್ಣಯಿಸಲು ಸುಲಭವಾದ ಮಾರ್ಗವೊಂದುಂಟು. ಕನ್ನಡದಲ್ಲಿ ಈ ಶಬ್ದದ ಅರ್ಥವನ್ನು ಬಹುಮಟ್ಟಿಗೆ ವಿಭಕ್ತಿಯೂ ಕ್ರಿಯಾಪದವೂ ತಿಳಿಸುತ್ತವೆ. ಲೈನ್ ಎಳೆ, ಲೈನಿಗೆ ಬಾ, ಲೈನಿನಲ್ಲಿ ನಿಲ್ಲು ಇವು ಒಂದಕ್ಕೊಂದು ಬೆರೆಯವು. ‘ಹೊಡೆ’ ಎಂಬುದೊಂದೇ ಗೆರೆಗೂ ಚೇಷ್ಟೆಗೂ ಸಲ್ಲುವುದರಿಂದ ಅಲ್ಲಿ ನಗೆಗೆ ಎಡೆಯಾಯಿತು. ಆದುದರಿಂದ ಶಬ್ದದ ಪಕ್ಕದಲ್ಲಿರುವುದೇನು, ಆಡಿದವರು ಯಾರು, ಯಾರೊಡನೆ ಎಂಬ ಮೂರು ಪ್ರಶ್ನೆಗಳನ್ನು ಮಕ್ಕಳಿಗೆ ಕಲಿಸಬೇಕು. ಭಾಷಾಂತರದಲ್ಲಿಯೂ ಇದು ಉಪಕಾರಿ. ಆಂಗ್ಲರು ‘ಲೈನ್ ದಾಟಿದ’ ಎನ್ನುವಲ್ಲಿ ನಮಗೆ ‘ಹಾಕಿದ ಗೆರೆ ದಾಟುವವನಲ್ಲ’ ಎಂಬ ನುಡಿಗಟ್ಟು ಆಗಲೇ ಇದೆ. ಗೆರೆ, ಗೀಟು, ಸಾಲು, ತಂತಿ, ಪಂಕ್ತಿ, ಹವ್ಯಕರ ಊಟದ ‘ಹಂತಿ’ ಇಷ್ಟು ಸಂಪತ್ತು ಇದ್ದೂ ಎಲ್ಲಕ್ಕೂ ‘ಲೈನ್’ ಎಂದರೆ ಮಗುವಿನ ಕೈಯಿಂದ ಹಲವು ಮಾತುಗಳು ಜಾರಿಹೋಗುತ್ತವೆ. ನಷ್ಟವಿರುವುದು ಇಲ್ಲಿ, ಪರಭಾಷೆಯ ಶಬ್ದ ಬಂದುದರಲ್ಲಿ ಅಲ್ಲ.

1872ರಲ್ಲಿ ಗುಂಡರ್ಟರ ಮಲೆಯಾಳ ಕೋಶ, 1886ರಲ್ಲಿ ಮೆನ್ನರರ ತುಳು ಕೋಶ, 1894ರಲ್ಲಿ ಕಿಟೆಲರ ಕನ್ನಡ ಕೋಶ ಈ ಮೂರೂ ಮಂಗಳೂರಿನಿಂದ ಹೊರಬಂದವು. ಆ ಮೂರು ಭಾಷೆಗಳೂ ಕೂಡುವ ನೆಲದಲ್ಲಿ ನಾವು ಪಾಠ ಹೇಳುತ್ತಿದ್ದೇವೆ. 1956ರ ನವೆಂಬರ್ 1ರಂದು ರಾಜ್ಯಗಳ ನಡುವೆ ಗೆರೆ ಬಿದ್ದರೂ ಶಬ್ದಗಳು ಅದನ್ನು ದಾಟುತ್ತಲೇ ಇವೆ. ಪ್ರತಿ ಶಾಲೆಯಲ್ಲಿಯೂ ಒಂದು ನೋಟು ಪುಸ್ತಕವನ್ನಿಟ್ಟು, ಮಕ್ಕಳು ಆಡುವ ಇಂತಹ ಶಬ್ದಗಳನ್ನು ವಾಕ್ಯಸಹಿತ, ವರ್ಷಸಹಿತ ಬರೆದಿಡುವುದಾದರೆ, ಮುಂದಿನ ಕೋಶಕಾರನಿಗೆ ಕಾಸರಗೋಡಿನ ಅಧ್ಯಾಪಕರು ಕೊಡುವ ಕಾಣಿಕೆ ಅಲ್ಪವಾಗಲಾರದು.