ಟೋಕಿಯೊ ನಡುವೆ ಒಂದು ಹಳೆಯ ಕೇರಿ

ಟೋಕಿಯೊ ಎಂದೊಡನೆ ಗಗನಚುಂಬಿ ಕಟ್ಟಡಗಳು, ಕ್ಷಣವೂ ತಪ್ಪದ ರೈಲುಗಳು, ಇರುಳನ್ನು ಹಗಲಾಗಿಸುವ ದೀಪಗಳು ಕಣ್ಣ ಮುಂದೆ ಬರುತ್ತವೆ. ಆದರೆ ಅದೇ ನಗರದ ಉಯೆನೊದಿಂದ ಎರಡು ನಿಲ್ದಾಣ ದಾಟಿ, ನಿಪ್ಪೊರಿಯಲ್ಲಿ ಇಳಿದು ಪಶ್ಚಿಮ ದ್ವಾರದಿಂದ ಹೊರಬಂದರೆ ಬೇರೆಯದೇ ಲೋಕ. ಇಬ್ಬರು ಎದುರುಬದುರಾದರೆ ಒಬ್ಬರು ಪಕ್ಕಕ್ಕೆ ಸರಿಯಬೇಕಾದ ಓಣಿಗಳು, ಮರದ ಮನೆಗಳು, ಬಾಗಿಲ ಮುಂದೆ ಸಾಲಾಗಿಟ್ಟ ಹೂಕುಂಡಗಳು, ಗೋಡೆಯ ಮೇಲೆ ಬಿಸಿಲು ಕಾಯಿಸುವ ಬೆಕ್ಕುಗಳು. ಇದು ಯನಕ. ಪಕ್ಕದ ನೆಜು, ಸೆಂದಾಗಿ ಕೇರಿಗಳನ್ನೂ ಸೇರಿಸಿ ಜನ ಇದನ್ನು ‘ಯನೆಸೆನ್’ ಎಂದು ಕರೆಯುತ್ತಾರೆ.

ಇಲ್ಲಿ ಟಿಕೆಟ್ ಕೊಂಡು ನೋಡುವ ಅರಮನೆಯಿಲ್ಲ, ಕೋಟೆಯಿಲ್ಲ. ಒಬ್ಬರೇ ಬಂದವರು ಅರ್ಧ ಗಂಟೆಯಲ್ಲಿ ಕೇರಿ ಸುತ್ತಿ, ನಾಲ್ಕು ಫೋಟೊ ತೆಗೆದುಕೊಂಡು ಹೊರಟುಬಿಡಬಹುದು. ಮಾರ್ಗದರ್ಶಿಯೊಬ್ಬರು ಜೊತೆಗಿದ್ದರೆ ಅದೇ ಕೇರಿಗೆ ಮೂರು ಗಂಟೆಯೂ ಸಾಲದು. ಕಲ್ಲು, ಗೋಡೆ, ತಿಂಡಿ, ತಿರುವು ಎಲ್ಲಕ್ಕೂ ಒಂದೊಂದು ಕಥೆಯಿದೆ. ಆ ಕಥೆಗಳನ್ನು ಬಲ್ಲವರು ಇದ್ದುದರಿಂದಲೇ ಕೇರಿಯ ಎಷ್ಟೋ ಭಾಗ ಉಳಿದಿದೆ ಎಂಬುದು ಇಲ್ಲಿನ ವಿಶೇಷ.

ಬೆಂಕಿಯಿಂದ ಬಂದದ್ದು, ಬೆಂಕಿಯಿಂದ ಉಳಿದದ್ದು

ಯನಕದಲ್ಲಿ ಸುಮಾರು 70 ಬೌದ್ಧ ದೇಗುಲಗಳಿವೆ. ಇಷ್ಟು ಚಿಕ್ಕ ಜಾಗದಲ್ಲಿ ಇಷ್ಟೊಂದು ದೇಗುಲಗಳೇಕೆ? ಉತ್ತರ 1657ರಲ್ಲಿದೆ. ಆಗ ಈ ಊರಿನ ಹೆಸರು ಎದೊ. ಆ ವರ್ಷ ಹತ್ತಿದ ಭಾರಿ ಬೆಂಕಿಗೆ ನಗರದ ಬಹುಭಾಗ ಸುಟ್ಟುಹೋಯಿತು. ಬಳಿಕ ಶೋಗನ್ ಆಡಳಿತ ನಗರವನ್ನು ಹೊಸದಾಗಿ ಕಟ್ಟಿಸುವಾಗ ಅನೇಕ ದೇಗುಲಗಳನ್ನು ಊರಂಚಿಗೆ ಸಾಗಿಸಿತು. ಹಾಗೆ ಬಂದು ನೆಲೆಸಿದ ಹಲವು ದೇಗುಲಗಳು ಈ ದಿಬ್ಬದ ಮೇಲಿವೆ.

ಬೆಂಕಿಯಿಂದಾಗಿ ಬೆಳೆದ ಕೇರಿಗೆ ಮುಂದೆ ಬೆಂಕಿಯೇ ವಿನಾಯಿತಿ ಕೊಟ್ಟಿತು. 1923ರ ಸೆಪ್ಟೆಂಬರ್ 1ರಂದು ಕಾಂತೊ ಭೂಕಂಪ ಸಂಭವಿಸಿದ್ದು ಮಧ್ಯಾಹ್ನದ ಅಡುಗೆಯ ಹೊತ್ತಿನಲ್ಲಿ. ಒಲೆಗಳ ಕಿಡಿ ಹಾರಿ ನಗರ ಹೊತ್ತಿ ಉರಿಯಿತು. ಸತ್ತವರು ಲಕ್ಷಕ್ಕೂ ಹೆಚ್ಚು. 1945ರ ಮಾರ್ಚ್‌ನಲ್ಲಿ ಅಮೆರಿಕದ ವಿಮಾನಗಳು ಸುರಿಸಿದ ಬೆಂಕಿ ಬಾಂಬುಗಳಿಗೆ ಒಂದೇ ರಾತ್ರಿ ಸುಮಾರು ಒಂದು ಲಕ್ಷ ಜನ ಬಲಿಯಾದರು. ಯನಕಕ್ಕೂ ಬಾಂಬು ಬಿದ್ದದ್ದುಂಟು. ಆದರೂ ಎರಡೂ ದುರಂತಗಳಲ್ಲಿ ಕೇರಿಯ ಹೆಚ್ಚಿನ ಭಾಗ ಬಚಾವಾಯಿತು.

ಯನಕದ ವಿಶಾಲವಾದ ಸ್ಮಶಾನದಲ್ಲಿ ಕೊನೆಯ ಶೋಗನ್ ತೊಕುಗಾವ ಯೊಶಿನೊಬು ಅವರ ಸಮಾಧಿ ಇದೆ. ಏಪ್ರಿಲ್ ಆರಂಭದಲ್ಲಿ ಇಲ್ಲಿನ ನಡುಹಾದಿಯ ಚೆರ್ರಿ ಮರಗಳು ಹೂಬಿಟ್ಟಾಗ ಜನ ಕುಟುಂಬ ಸಮೇತ ಬರುತ್ತಾರೆ. ಸತ್ತವರ ಮಗ್ಗುಲಲ್ಲೇ ಮಕ್ಕಳು ಆಡುತ್ತಾರೆ. ಅದರಲ್ಲಿ ಅವರಿಗೆ ಅಳುಕಿಲ್ಲ. ಹಾದಿಯ ಪಕ್ಕದಲ್ಲಿ ಬೇಲಿ ಹಾಕಿದ ಒಂದಿಷ್ಟು ಕಲ್ಲುಗಳಿವೆ. ಮಾರ್ಗದರ್ಶಿ ನಿಲ್ಲಿಸದಿದ್ದರೆ ಯಾರೂ ಅವುಗಳತ್ತ ನೋಡುವುದಿಲ್ಲ. 1791ರಲ್ಲಿ ಪುನಃ ಕಟ್ಟಿದ, ಸುಮಾರು 34 ಮೀಟರ್ ಎತ್ತರದ ಐದು ಅಂತಸ್ತಿನ ಪಗೋಡದ ಅಡಿಗಲ್ಲುಗಳು ಅವು. ಭೂಕಂಪವನ್ನೂ ಯುದ್ಧವನ್ನೂ ಗೆದ್ದು ನಿಂತಿದ್ದ ಈ ಗೋಪುರಕ್ಕೆ 1957ರಲ್ಲಿ ಮನುಷ್ಯರೇ ಹಚ್ಚಿದ ಬೆಂಕಿ ತಗುಲಿ ಅದು ಬೂದಿಯಾಯಿತು.

ಭಾರತೀಯರು ತಪ್ಪದೆ ನಿಲ್ಲಬೇಕಾದ ಜಾಗವೂ ಇಲ್ಲಿದೆ. ಅದು ಒಕಾಕುರ ತೆನ್‌ಶಿನ್ ಹೆಸರಿನ ಪುಟ್ಟ ಉದ್ಯಾನ. ಜಪಾನಿನ ಕಲೆಯನ್ನು ಪುನರುಜ್ಜೀವನಗೊಳಿಸಲು ಅವರು 1898ರಲ್ಲಿ ಕಟ್ಟಿದ ಕಲಾ ಸಂಸ್ಥೆ ಇದ್ದದ್ದು ಇಲ್ಲೇ. ಮುಂದೆ 1902ರಲ್ಲಿ ಭಾರತಕ್ಕೆ ಬಂದು ಸ್ವಾಮಿ ವಿವೇಕಾನಂದ, ರವೀಂದ್ರನಾಥ ಠಾಕೂರ್ ಅವರ ಸ್ನೇಹ ಬೆಳೆಸಿದವರು ಅವರೇ.

ಬಾಯಿಗೂ ಕೆಲಸ

ಸ್ಮಶಾನದ ಹಾದಿ ಮುಗಿಸಿ ಬಂದರೆ 36 ಮೆಟ್ಟಿಲುಗಳ ಸಾಲು. ಹೆಸರು ‘ಯೂಯಾಕೆ ದಂದನ್’, ಅಂದರೆ ಸಂಜೆಗೆಂಪಿನ ಮೆಟ್ಟಿಲು. ಸಾರ್ವಜನಿಕರಿಂದ ಹೆಸರುಗಳನ್ನು ಆಹ್ವಾನಿಸಿ ಆಯ್ದದ್ದು ಇದು. ಕೆಳಗಿಳಿದರೆ ಯನಕ ಗಿಂಜಾ ಎಂಬ ಸಂತೆಬೀದಿ. ಉದ್ದ 200 ಮೀಟರ್ ಕೂಡ ಇಲ್ಲ. ತರಕಾರಿ, ಚಹಾ, ಮೀನು, ಚಪ್ಪಲಿ, ಮಿಠಾಯಿ ಎಂದು ಅರವತ್ತರಷ್ಟು ಅಂಗಡಿಗಳು.

ಅಕ್ಕಿಯ ನಾಡಿನಿಂದ ಹೋದವರಿಗೆ ಇಲ್ಲಿನ ತಿಂಡಿಗಳು ಪೂರ್ತಿ ಅಪರಿಚಿತವಲ್ಲ. ‘ಸೆಂಬೆ’ ಎಂದರೆ ಅಕ್ಕಿಯ ಬಿಲ್ಲೆಗೆ ಸೋಯಾ ಸಾಸ್ ಸವರಿ ಕೆಂಡದ ಮೇಲೆ ಸುಟ್ಟ ಗರಿಗರಿ ತಿನಿಸು. ಸೆಂದಾಗಿಯಲ್ಲಿ 1875ರಿಂದ ಇದನ್ನು ಮಾಡುತ್ತಾ ಬಂದ ಅಂಗಡಿಯಿದೆ. ಅಲ್ಲಿನ ಸೆಂಬೆಗಳು ದುಂಡಗಿಲ್ಲ, ಚೌಕ. ‘ದಾಂಗೊ’ ಅಕ್ಕಿ ಹಿಟ್ಟಿನ ಉಂಡೆಗಳನ್ನು ಕಡ್ಡಿಗೆ ಪೋಣಿಸಿದ್ದು. ನಿಪ್ಪೊರಿ ಬಳಿ 1819ರಲ್ಲಿ ಶುರುವಾದ ದಾಂಗೊ ಅಂಗಡಿಯ ಪ್ರಸ್ತಾಪ ನಾತ್ಸುಮೆ ಸೊಸೆಕಿ ಅವರ ಕಾದಂಬರಿಯಲ್ಲೂ ಬರುತ್ತದೆ. ‘ತಾಯಿಯಾಕಿ’ ಮೀನಿನ ಆಕಾರದಲ್ಲಿದ್ದರೂ ಒಳಗಿರುವುದು ಕೆಂಪು ಕಾಳಿನ ಸಿಹಿ ಹೂರಣ. ಅದರ ಹಿಟ್ಟಿಗೆ ಮೊಟ್ಟೆ ಹಾಕುವವರೂ ಇದ್ದಾರೆ, ಕೇಳಿಕೊಂಡು ತಿನ್ನಬೇಕು. ಬೀದಿಯಲ್ಲಿ ಹೆಚ್ಚು ಜನ ಸಾಲು ನಿಲ್ಲುವುದು ಕೊಚ್ಚಿದ ಮಾಂಸದ ಕಟ್ಲೆಟ್ಟಿಗೆ. ಇನ್ನು ಎಳೆಯ ಶುಂಠಿಯ ಒಂದು ತಳಿಗೆ ಯನಕ ಎಂದೇ ಹೆಸರು. ಹಿಂದೆ ಈ ಕೇರಿಯ ಹೊಲಗಳಲ್ಲಿ ಶುಂಠಿ ಬೆಳೆಯುತ್ತಿದ್ದುದರ ಗುರುತು ಅದು.

ಸಸ್ಯಾಹಾರಿಗಳು ಒಂದು ಮಾತು ನೆನಪಿಡಬೇಕು. ‘ಮಾಂಸ ಬೇಡ’ ಎಂದಷ್ಟೇ ಹೇಳಿದರೆ ಜಪಾನಿನಲ್ಲಿ ಮೀನು ಅದರಲ್ಲಿ ಸೇರುವುದಿಲ್ಲ. ಅಲ್ಲಿನ ಸಾರು, ನೂಡಲ್ಸ್‌ಗಳಿಗೆಲ್ಲ ಆಧಾರವಾದ ‘ದಾಶಿ’ ಎಂಬ ತಿಳಿಯನ್ನು ಸಾಮಾನ್ಯವಾಗಿ ಒಣಮೀನಿನ ಚೂರುಗಳಿಂದ ತೆಗೆಯುತ್ತಾರೆ. ಕೊಂಬು ಎಂಬ ಕಡಲಕಳೆಯಿಂದ ಮಾಡಿದ ದಾಶಿಯೂ ಉಂಟು. ಇಂಥ ಕಡೆ ಮಾರ್ಗದರ್ಶಿಯ ಒಂದು ಪ್ರಶ್ನೆ ಹತ್ತು ಪುಸ್ತಕಗಳ ಕೆಲಸ ಮಾಡುತ್ತದೆ.

ಶಿಷ್ಟಾಚಾರದ ಪಾಠವೂ ತಿಂಡಿಯ ಜೊತೆಗೇ ಆಗುತ್ತದೆ. ಕೊಂಡದ್ದನ್ನು ಅಂಗಡಿಯ ಮುಂದೆಯೇ ನಿಂತು ಅಥವಾ ಕುಳಿತು ತಿಂದು ಮುಗಿಸುವುದು ಸಭ್ಯತೆ. ಬೀದಿಯಲ್ಲಿ ಕಸದ ಡಬ್ಬಿ ಅಪರೂಪ. ಕಾಗದ, ಕಡ್ಡಿಗಳನ್ನು ಚೀಲದಲ್ಲಿಟ್ಟು ಮನೆಗೆ ಒಯ್ಯುತ್ತಾರೆ. ತಿನ್ನುವ ಮುನ್ನ ‘ಇತದಾಕಿಮಾಸು’, ತಿಂದ ಮೇಲೆ ‘ಗೊಚಿಸೊಸಾಮಾ’. ಎರಡೂ ಅನ್ನ ನೀಡಿದವರಿಗೆ ಕೃತಜ್ಞತೆಯ ಮಾತು.

ಮೂವರು ತಾಯಂದಿರ ಪತ್ರಿಕೆ

1980ರ ದಶಕದಲ್ಲಿ ಟೋಕಿಯೊದ ಜಮೀನಿನ ಬೆಲೆ ಮುಗಿಲು ಮುಟ್ಟಿತ್ತು. ಹಳೆಯ ಮನೆ ಕೆಡವಿ ಅಪಾರ್ಟ್‌ಮೆಂಟ್ ಕಟ್ಟುವುದೇ ಜಾಣತನ ಎನಿಸಿದ್ದ ಕಾಲ. ಆಗ 1984ರಲ್ಲಿ ಮೊರಿ ಮಯುಮಿ ಮತ್ತು ಇನ್ನಿಬ್ಬರು ಮಹಿಳೆಯರು ಒಂದು ಪುಟ್ಟ ಪತ್ರಿಕೆ ಶುರುಮಾಡಿದರು. ಮೂವರೂ ಪುಟ್ಟ ಮಕ್ಕಳ ತಾಯಂದಿರು. ಪತ್ರಿಕೆಯ ಹೆಸರು ‘ಯನಕ, ನೆಜು, ಸೆಂದಾಗಿ’. ಮೂರು ಕೇರಿಗಳಿಗೆ ‘ಯನೆಸೆನ್’ ಎಂಬ ಅಡ್ಡಹೆಸರು ಮನೆಮಾತಾದದ್ದು ಇದರಿಂದಲೇ.

ಅವರು ಮಾಡಿದ್ದು ಸರಳ ಕೆಲಸ. ಅಜ್ಜ ಅಜ್ಜಿಯರ ಬಳಿ ಕುಳಿತು ಕೇಳಿದರು: ಈ ಬಾವಿ ಯಾರು ತೋಡಿಸಿದ್ದು? ಭೂಕಂಪದ ದಿನ ಎಲ್ಲಿದ್ದಿರಿ? ಸ್ನಾನದ ಮನೆಯಲ್ಲಿ ಏನು ಮಾತಾಡುತ್ತಿದ್ದಿರಿ? ಕೇಳಿದ್ದನ್ನು ಬರೆದರು, ಅಚ್ಚು ಹಾಕಿಸಿದರು, ಅಂಗಡಿ ಅಂಗಡಿಗೆ ತಲುಪಿಸಿದರು. ತಮ್ಮ ಮನೆ ಬರೀ ಹಳೆಯ ಮರದ ತುಂಡಲ್ಲ, ಅದಕ್ಕೂ ಒಂದು ಚರಿತ್ರೆಯಿದೆ ಎಂಬುದು ಓದಿದವರಿಗೆ ಹೊಳೆಯಿತು. ಉಯೆನೊದಲ್ಲಿದ್ದ 1890ರ ಸಂಗೀತ ಸಭಾಂಗಣದ ಪೈಪ್ ಆರ್ಗನ್ನನ್ನು ಉಳಿಸುವ ಕೆಲಸದಲ್ಲೂ ಈ ಮಹಿಳೆಯರು ಕೈಜೋಡಿಸಿದರು. ಪತ್ರಿಕೆ 25 ವರ್ಷ ನಡೆದು 2009ರಲ್ಲಿ ನಿಂತಿತು. ಇಂದು ಮಾರ್ಗದರ್ಶಿಗಳು ಹೇಳುವ ಎಷ್ಟೋ ಕಥೆಗಳನ್ನು ದಾಖಲೆಗೆ ತಂದದ್ದು ಅದೇ.

ಹಳೆಯ ಕಟ್ಟಡಗಳಿಗೆ ಹೊಸ ಬದುಕೂ ಬಂತು. ಇನ್ನೂರು ವರ್ಷಗಳ ಇತಿಹಾಸವಿದ್ದ ಸಾರ್ವಜನಿಕ ಸ್ನಾನಗೃಹವೊಂದು 1993ರಲ್ಲಿ ಕಲಾ ಗ್ಯಾಲರಿಯಾಯಿತು. 1916ರ ಮನೆಯಲ್ಲಿದ್ದ ಕಯಾಬ ಎಂಬ ಕಾಫಿ ಅಂಗಡಿ 2006ರಲ್ಲಿ ಮುಚ್ಚಿ, 2009ರಲ್ಲಿ ಮತ್ತೆ ತೆರೆಯಿತು. 1938ರ ಮೂರು ಮರದ ಮನೆಗಳು 2015ರಲ್ಲಿ ಬ್ರೆಡ್ ಅಂಗಡಿ ಮುಂತಾದವುಗಳಿಗೆ ನೆಲೆಯಾದವು.

ಆತಂಕ ತಪ್ಪಿಲ್ಲ

ಹಾಗೆಂದು ಕೇರಿ ಪಾರಾಯಿತು ಎನ್ನುವಂತಿಲ್ಲ. ಜಪಾನಿನಲ್ಲಿ ಪಿತ್ರಾರ್ಜಿತ ಆಸ್ತಿಯ ಮೇಲಿನ ತೆರಿಗೆಯ ಗರಿಷ್ಠ ದರ ಶೇ 55. ಹಿರಿಯರು ತೀರಿಕೊಂಡಾಗ ತೆರಿಗೆ ಕಟ್ಟಲು ಮಕ್ಕಳು ಮನೆಯನ್ನೇ ಮಾರಬೇಕಾಗಿ ಬರುವುದುಂಟು. ಹೊಸ ಮನೆ ಕಟ್ಟುವವರು ರಸ್ತೆಗೆ ನಾಲ್ಕು ಮೀಟರ್ ಅಗಲ ದಕ್ಕುವಂತೆ ಹಿಂದೆ ಸರಿಯಬೇಕೆಂಬುದು ಕಾನೂನು. ಹಾಗಾಗಿ ಒಂದೊಂದು ಮನೆ ಹೊಸದಾದಾಗಲೂ ಓಣಿ ಒಂದಿಷ್ಟು ಮಾಯವಾಗುತ್ತದೆ. ಕಾನೂನಿನಲ್ಲಿ ಹುರುಳಿಲ್ಲವೆಂದಲ್ಲ, ಅಗ್ನಿಶಾಮಕ ವಾಹನ ನುಗ್ಗಲಾರದ ಓಣಿಯಲ್ಲಿ ಮರದ ಮನೆಗಳಿದ್ದರೆ ಭೂಕಂಪದ ದಿನ ಏನಾದೀತು ಎಂಬುದನ್ನು ಟೋಕಿಯೊ 1923ರಲ್ಲೇ ಕಂಡಿದೆ. ಸೊಗಸು ಮುಖ್ಯವೋ, ಸುರಕ್ಷತೆ ಮುಖ್ಯವೋ? ಈ ಪ್ರಶ್ನೆಯ ಜೊತೆಗೇ ಯನಕದವರು ಬದುಕುತ್ತಿದ್ದಾರೆ.

ಮಾರ್ಗದರ್ಶಿಗಳು ಯಾರು?

ಜಪಾನಿನಲ್ಲಿ ಹಣ ಪಡೆದು ವಿದೇಶಿಯರಿಗೆ ದಾರಿ ತೋರಲು 1949ರ ಕಾನೂನಿನ ಪ್ರಕಾರ ಕಠಿಣ ಪರೀಕ್ಷೆ ಪಾಸಾಗಿರಬೇಕಿತ್ತು. 2018ರ ಜನವರಿಯಿಂದ ಆ ಕಡ್ಡಾಯ ಹೋಗಿದೆ. ಪರೀಕ್ಷೆ ಮಾತ್ರ ಈಗಲೂ ಉಂಟು, ಅದರ ಗೌರವವೂ ಉಂಟು. ಇದಲ್ಲದೆ ‘ಗುಡ್‌ವಿಲ್ ಗೈಡ್’ ಎಂಬ ಸ್ವಯಂಸೇವಕರ ಗುಂಪುಗಳಿವೆ. ವಿದ್ಯಾರ್ಥಿಗಳು, ಗೃಹಿಣಿಯರು, ನಿವೃತ್ತರು ಸೇರಿ ನಡೆಸುವ ಈ ಗುಂಪುಗಳು ಶುಲ್ಕ ಕೇಳುವುದಿಲ್ಲ. ಅವರ ಓಡಾಟ, ಊಟ, ಪ್ರವೇಶ ಟಿಕೆಟ್ಟಿನ ಖರ್ಚನ್ನು ಪ್ರವಾಸಿಗರು ಕೊಡುವುದು ರೂಢಿ.

ಜಪಾನಿ ಕಲಿಯುವ ಆಸೆಯುಳ್ಳ ನಮ್ಮ ವಿದ್ಯಾರ್ಥಿಗಳಿಗೂ ದಾರಿಯಿದೆ. ಐದು ಹಂತಗಳ ಜೆಎಲ್‌ಪಿಟಿ ಭಾಷಾ ಪರೀಕ್ಷೆಗೆ ಬೆಂಗಳೂರಿನಲ್ಲೂ ಕೇಂದ್ರವಿದೆ. ಭಾಷೆ ಬಂದರೆ ಯನಕದ ಅಜ್ಜಿಯ ಬಳಿ ನೇರವಾಗಿಯೇ ಕೇಳಬಹುದು. ಅಲ್ಲಿಗೆ ಹೋಗುವ ಮುನ್ನ ತಮ್ಮ ಬೀದಿಯ ಹಿರಿಯರ ಬಳಿಯೂ ಅಂಥದೇ ಒಂದೆರಡು ಪ್ರಶ್ನೆ ಕೇಳಿ, ಉತ್ತರವನ್ನು ಬರೆದಿಟ್ಟುಕೊಳ್ಳುವುದಕ್ಕೆ ಟಿಕೆಟ್ಟೂ ಬೇಡ, ವೀಸಾವೂ ಬೇಡ.