ನಿಪ್ಪಾಣಿಯ 25 ನಿಮಿಷ

ನಿಪ್ಪಾಣಿ ಎಂದರೆ ತಂಬಾಕು. ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದಲ್ಲಿ ಯಾರನ್ನು ಕೇಳಿದರೂ ಇದೇ ಉತ್ತರ. ಆದರೆ ಅಲ್ಲಿನ ತಂಬಾಕು ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದ ಹೆಣ್ಣುಮಕ್ಕಳ ಬಗ್ಗೆ 1982ರಲ್ಲೇ ಒಂದು ಸಾಕ್ಷ್ಯಚಿತ್ರ ಬಂದಿದೆ ಎಂಬುದು ನಮ್ಮ ವಯಸ್ಸಿನವರಲ್ಲಿ ಎಷ್ಟು ಮಂದಿಗೆ ಗೊತ್ತು?

ಮರಾಠಿಯ ಆ ಕಪ್ಪು–ಬಿಳುಪು ಚಿತ್ರದ ಹೆಸರು ‘ತಂಬಾಕು ಚಾಕಿಲಾ ಊಬ್ ಆಲಿ’. ಅವಧಿ 25 ನಿಮಿಷ. ತಯಾರಿಸಿದ್ದು 1980ರಲ್ಲಿ ಹುಟ್ಟಿದ ‘ಯುಗಾಂತರ್’ ಎಂಬ ಸ್ತ್ರೀವಾದಿ ಚಿತ್ರತಂಡ. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅದರಲ್ಲಿದ್ದರು. ಆಗ ನಿಪ್ಪಾಣಿ ಚಿಕ್ಕೋಡಿ ತಾಲ್ಲೂಕಿಗೆ ಸೇರಿತ್ತು. ಕಾರ್ಮಿಕ ಮಹಿಳೆಯರು ‘ಚಿಕ್ಕೋಡಿ ತಾಲ್ಲೂಕಾ ಕಾಮಗಾರ ಮಹಾಸಂಘ’ದಡಿ ಒಂದಾಗಿದ್ದರು. ತಂಡ ನಾಲ್ಕು ತಿಂಗಳು ಅವರೊಂದಿಗೆ ಬೆರೆತು, ಮಾತು ಕೇಳಿ, ಕಾರ್ಖಾನೆಯೊಳಗೂ ಚಿತ್ರೀಕರಿಸಿತು. ಹೋರಾಟದ ಕೆಲವು ಸಂದರ್ಭಗಳನ್ನು ಆ ಮಹಿಳೆಯರೇ ಮತ್ತೆ ಅಭಿನಯಿಸಿದರು.

ಈಗ ಎಡಿಟರ್ ಕುರ್ಚಿಯಲ್ಲಿ ಕುಳಿತು ಯೋಚಿಸಿ. ನಾಲ್ಕು ತಿಂಗಳ ಒಡನಾಟವನ್ನು 25 ನಿಮಿಷಕ್ಕೆ ಇಳಿಸಬೇಕು. ಕಥಾಚಿತ್ರದ ಎಡಿಟರ್ ಕೈಯಲ್ಲಿ ಚಿತ್ರಕಥೆ ಇರುತ್ತದೆ. ಸಾಕ್ಷ್ಯಚಿತ್ರಕ್ಕೆ ಬಹುತೇಕ ಅದು ಇರುವುದಿಲ್ಲ. ಯಾವುದು ಮೊದಲು, ಯಾವುದು ಕೊನೆ ಎಂಬುದು ಎಡಿಟಿಂಗ್ ಮೇಜಿನ ಮೇಲೆಯೇ ತೀರ್ಮಾನವಾಗುತ್ತದೆ.

‘ಕೂಲಿ ಸಾಲದು, ಆದರೂ ಕೆಲಸ ಬಿಡುವಂತಿಲ್ಲ’ ಎಂದು ಒಬ್ಬ ಮಹಿಳೆ ಹೇಳಿದರು ಎಂದುಕೊಳ್ಳೋಣ. ಕೊನೆಯ ಅರ್ಧ ಕತ್ತರಿಸಿದರೆ ಬರೀ ದೂರು ಉಳಿಯುತ್ತದೆ. ಮೊದಲರ್ಧ ಕತ್ತರಿಸಿದರೆ ಬರೀ ಅಸಹಾಯಕತೆ. ಎರಡೂ ಇದ್ದರೆ ಮಾತ್ರ ಅದು ಅವರ ಮಾತು. ನಟಿಯಾದರೆ ಚಿತ್ರ ಮುಗಿದ ಮೇಲೆ ಬೇರೆ ಪಾತ್ರಕ್ಕೆ ಹೋಗುತ್ತಾಳೆ. ಇವರು ಮರುದಿನ ಅದೇ ಕಾರ್ಖಾನೆಗೆ, ಅದೇ ಮಾಲೀಕನ ಎದುರಿಗೆ ಹೋಗಬೇಕು. ಸಾಕ್ಷ್ಯಚಿತ್ರದ ಎಡಿಟರ್ ಹೊರುವ ಹೊಣೆ ಇದು.

ಆ ಕಾಲದ ಫಿಲ್ಮ್‌ನಲ್ಲಿ ಸೆಕೆಂಡಿಗೆ 24 ಚೌಕಟ್ಟು. 25 ನಿಮಿಷಕ್ಕೆ 36,000. ಫಿಲ್ಮ್ ಅನ್ನು ಕೈಯಲ್ಲೇ ಕತ್ತರಿಸಿ, ಟೇಪ್ ಹಚ್ಚಿ ಜೋಡಿಸುತ್ತಿದ್ದರು. ಧ್ವನಿ ಬೇರೆಯದೇ ಸುರುಳಿಯಲ್ಲಿರುತ್ತಿತ್ತು. ಈಗ ಲ್ಯಾಪ್‌ಟಾಪ್ ಸಾಕು. ‘ಡಾವಿಂಚಿ ರಿಸಾಲ್ವ್’ನಂಥ ಸಾಫ್ಟ್‌ವೇರ್‌ನ ಉಚಿತ ಆವೃತ್ತಿಯೂ ಇದೆ. ಆದರೆ ಕೆಲಸದ ಕ್ರಮ ಹೆಚ್ಚು ಬದಲಾಗಿಲ್ಲ: ಚಿತ್ರೀಕರಿಸಿದ್ದನ್ನೆಲ್ಲ ನೋಡಿ ಪಟ್ಟಿ ಮಾಡುವುದು, ಮಾತುಗಳನ್ನು ಬರೆದುಕೊಳ್ಳುವುದು, ಒರಟು ಜೋಡಣೆ, ಮತ್ತೆ ಮತ್ತೆ ತಿದ್ದುವುದು, ಕೊನೆಗೆ ಬಣ್ಣ ಮತ್ತು ಧ್ವನಿಯ ಹದ.

ಕಲಿಯುವುದೆಲ್ಲಿ? ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ನಮಗೆ ತೀರಾ ದೂರವೇನಲ್ಲ. 1929ರಲ್ಲಿ ಪಕ್ಕದ ಕೊಲ್ಹಾಪುರದಲ್ಲಿ ಹುಟ್ಟಿ ಪುಣೆಗೆ ಹೋದ ಪ್ರಭಾತ್ ಕಂಪನಿಯ ಸ್ಟುಡಿಯೊ ಆವರಣದಲ್ಲೇ 1960ರಲ್ಲಿ ಅದು ಆರಂಭವಾಯಿತು. ಅಲ್ಲಿಯೂ ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆಯಲ್ಲಿಯೂ ಎಡಿಟಿಂಗ್ ಕಲಿಸುತ್ತಾರೆ. ಯಾವುದೇ ಪದವಿ ಪಡೆದವರು ಪ್ರವೇಶ ಪರೀಕ್ಷೆ ಬರೆಯಬಹುದು. ಬಿಇ ಮುಗಿಸಿದವರಿಗೂ ಬಾಗಿಲು ತೆರೆದಿದೆ.

ಆರಂಭದಲ್ಲಿ ಸಹಾಯಕರ ಕೆಲಸ: ಫೈಲ್‌ಗಳ ನಕಲು, ಹೆಸರಿಡುವುದು, ಧ್ವನಿ–ದೃಶ್ಯ ಹೊಂದಿಸುವುದು. ತಿಂಗಳ ಸಂಬಳ ಖಚಿತವಲ್ಲ. ಹಲವರು ಜಾಹೀರಾತು, ಸುದ್ದಿವಾಹಿನಿ, ಮದುವೆ ವಿಡಿಯೊಗಳ ಕೆಲಸವನ್ನೂ ಮಾಡಿಕೊಂಡೇ ಬದುಕುತ್ತಾರೆ. ಇದನ್ನು ತಿಳಿದೇ ಇಳಿಯಬೇಕು. ಆದರೆ ಎಡಿಟಿಂಗ್ ಬೇರೆ ದಾರಿಗಳನ್ನೂ ತೆರೆಯುತ್ತದೆ. ‘ತಾರೇ ಜಮೀನ್ ಪರ್’ ಎಡಿಟರ್ ದೀಪಾ ಭಾಟಿಯಾ, ಪತ್ರಕರ್ತ ಪಿ. ಸಾಯಿನಾಥ್ ಮತ್ತು ವಿದರ್ಭದ ರೈತರ ಆತ್ಮಹತ್ಯೆಗಳ ಕುರಿತು ‘ನೀರೋಸ್ ಗೆಸ್ಟ್ಸ್’ ಸಾಕ್ಷ್ಯಚಿತ್ರ ನಿರ್ದೇಶಿಸಿದರು.

ನಿಪ್ಪಾಣಿಯ ಚಿತ್ರವನ್ನು ಬರ್ಲಿನ್‌ನ ಆರ್ಸೆನಲ್ ಸಂಸ್ಥೆ ಡಿಜಿಟಲ್ ರೂಪಕ್ಕೆ ತಂದಿದೆ. ಹೀಗೆ ಉಳಿಸಬೇಕಾದ ಬದುಕುಗಳು ನಮ್ಮ ಸುತ್ತ ಇನ್ನೂ ಇವೆ. ಅಥಣಿಯಲ್ಲಿ ಕೊಲ್ಹಾಪುರಿ ಚಪ್ಪಲಿ ಹೊಲಿಯುವವರ ಬಳಿ ಒಪ್ಪಿಗೆ ಕೇಳಿ, ಒಂದು ಗಂಟೆ ಮೊಬೈಲಿನಲ್ಲಿ ಚಿತ್ರೀಕರಿಸಿ. ಅದನ್ನು ಮೂರು ನಿಮಿಷಕ್ಕೆ ಇಳಿಸಿ, ಯಾರಿಗೂ ಕಳಿಸುವ ಮುನ್ನ ಅವರಿಗೇ ತೋರಿಸಿ. ‘ನಾ ಹಿಂಗ ಹೇಳಿದ್ದಿಲ್ಲ’ ಎಂದರೆ ಮತ್ತೆ ಮೊದಲಿನಿಂದ ಶುರು ಮಾಡಿ.